ಚಿತ್ರಗಳನ್ನು ಉಳಿಸಿಕೊಳ್ಳುವ ಹೊಣೆ



ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡಿತು. ವೈ. ವಿ. ರಾವ್ ಅವರು ಕೊಲ್ಲಾಪುರದಲ್ಲಿ ಚಿತ್ರಿಸಿದ ಆ ಕೃತಿಯಲ್ಲಿ ಸುಬ್ಬಯ್ಯ ನಾಯ್ಡು, ತ್ರಿಪುರಾಂಬ, ಆರ್. ನಾಗೇಂದ್ರರಾವ್ ನಟಿಸಿದ್ದರೆಂಬುದನ್ನು ನಾವು ಬಲ್ಲೆವು; ಅವರ ಅಭಿನಯವನ್ನು ಮಾತ್ರ ಕಾಣಲಾರೆವು. ಚಿತ್ರದ ಪ್ರತಿ ಇಂದು ಲಭ್ಯವಿಲ್ಲ.

ಈ ಪಾಡು ಅದೊಂದು ಚಿತ್ರದ್ದಲ್ಲ. ಆ ಕಾಲದ ನೈಟ್ರೇಟ್ ಫಿಲ್ಮು ಸುಲಭವಾಗಿ ಹೊತ್ತಿಕೊಳ್ಳುವಂಥದು, ಕಾಲಕ್ರಮದಲ್ಲಿ ತಾನಾಗಿಯೇ ಪುಡಿಯಾಗುವಂಥದು. ಓಡಿ ಮುಗಿದ ಚಿತ್ರಗಳ ಸುರುಳಿಗಳನ್ನು ಅವುಗಳಲ್ಲಿದ್ದ ಬೆಳ್ಳಿಗಾಗಿ ಮಾರಿದ್ದೂ ಉಂಟು. 1964ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪನೆಯಾಗುವ ವೇಳೆಗೆ ಭಾರತದ ಮೂಕಿಚಿತ್ರಗಳಲ್ಲಿ ಬಹುಪಾಲು ಅಳಿದುಹೋಗಿದ್ದವು. ಉಳಿದುದನ್ನು ಪಿ. ಕೆ. ನಾಯರ್ ಅವರು ಊರೂರು ಅಲೆದು ಕೂಡಿಸಿದರು.

ಕೂಡಿಟ್ಟುದರ ಫಲಕ್ಕೆ ‘ಘಟಶ್ರಾದ್ಧ’ವೇ ಸಾಕ್ಷಿ. ಗಿರೀಶ ಕಾಸರವಳ್ಳಿಯವರ 1977ರ ಈ ಚಿತ್ರದ ಮೂಲ ನೆಗೆಟಿವ್ ಪುಣೆಯ ಸಂಗ್ರಹಾಲಯದಲ್ಲಿತ್ತು. ಇಟಲಿಯ ಬೊಲೋನ್ಯಾದ ಪ್ರಯೋಗಾಲಯದಲ್ಲಿ ಅದನ್ನು ಸ್ಕ್ಯಾನ್ ಮಾಡಿ, ಪುನರುಜ್ಜೀವನಗೊಳಿಸಿ, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶಿಸಲಾಯಿತು. ಮಲೆನಾಡಿನ ಅಗ್ರಹಾರದ ಬಾಲವಿಧವೆಯ ಸಂಕಟ ಕನ್ನಡವರಿಯದ ಸಭೆಯನ್ನೂ ತಲುಪಿತು. ಕಪಾಟಿನಲ್ಲಿ ಬೀಗ ಹಾಕಿಟ್ಟಿದ್ದರೆ ಇದು ಸಾಧ್ಯವಾಗುತ್ತಿರಲಿಲ್ಲ. ಕಾಪಿಡುವುದು ಅರ್ಧ ಕೆಲಸ, ಹಂಚಿಕೊಳ್ಳುವುದು ಉಳಿದರ್ಧ.

ಈ ಹೊಣೆ ಸಂಗ್ರಹಾಲಯಗಳಿಗೆ ಮಾತ್ರ ಸೇರಿದ್ದಲ್ಲ. ಸೂಪರ್ 8 ಫಿಲ್ಮು 1965ರಲ್ಲಿ ಮಾರುಕಟ್ಟೆಗೆ ಬಂದ ಮೇಲೆ ಮನೆಮಂದಿಯೇ ಚಲನಚಿತ್ರ ತೆಗೆಯುವುದು ಸುಲಭವಾಯಿತು. ಮೊದಲು ವಲಸೆ ಬಂದ ನಮ್ಮ ಕುಟುಂಬಗಳಲ್ಲಿ ಅಂಥ ಸುರುಳಿಗಳೂ ಅನಂತರದ ವಿಡಿಯೋ ಕ್ಯಾಸೆಟ್ಟುಗಳೂ ಇರಬಹುದು: ಊರಿನ ಮದುವೆ, ತೇರು, ಇಲ್ಲಿ ಆಚರಿಸಿದ ಮೊದಲ ರಾಜ್ಯೋತ್ಸವ. ಅನೇಕವೇಳೆ ಅವಕ್ಕೆ ಎರಡನೆಯ ಪ್ರತಿ ಇರುವುದಿಲ್ಲ. ಅಟ್ಟದ ಬಿಸಿಯೂ ನೆಲಮಾಳಿಗೆಯ ತೇವವೂ ಅವಕ್ಕೆ ಶತ್ರುಗಳು. ಡಬ್ಬಿ ತೆರೆದಾಗ ವಿನೆಗರಿನ ಹುಳಿವಾಸನೆ ಬಂದರೆ ಫಿಲ್ಮು ಕೆಡತೊಡಗಿದೆ ಎಂದರ್ಥ. ಅದನ್ನು ಉಳಿದವುಗಳಿಂದ ಬೇರ್ಪಡಿಸಿ ಬೇಗನೆ ಪ್ರತಿ ಮಾಡಿಸಬೇಕು. ಪ್ರತಿಯಾದ ಬಳಿಕವೂ ಮೂಲವನ್ನು ಎಸೆಯಬಾರದು. ಗಣಕದಲ್ಲಿಟ್ಟ ಕಡತವೂ ಅಳಿಯಬಹುದು. ಮುಂದೆ ಇನ್ನೂ ಉತ್ತಮ ಪ್ರತಿ ಬೇಕಾದರೆ ಮೂಲದಿಂದಲೇ ತೆಗೆಯಬೇಕು.

ಇದೆಲ್ಲಕ್ಕಿಂತ ತುರ್ತಿನ ಕೆಲಸವೊಂದಿದೆ. ಹಿರಿಯರೊಡನೆ ಕುಳಿತು ಆ ಚಿತ್ರಗಳನ್ನು ನೋಡೋಣ. ಅಲ್ಲಿರುವವರು ಯಾರು, ಯಾವ ಊರು, ಯಾವ ವರ್ಷ ಎಂಬುದನ್ನು ಕೇಳಿ ಬರೆದಿಡೋಣ. ಸಂಘದ ಸಭೆಯಲ್ಲಿ ಮಕ್ಕಳಿಗೆ ತೋರಿಸೋಣ. ಗುರುತು ಹೇಳಬಲ್ಲವರು ಇಲ್ಲವಾದ ಮೇಲೆ, ಫಿಲ್ಮು ಉಳಿದರೂ ಅದರಲ್ಲಿ ನಗುತ್ತಿರುವ ಅಜ್ಜಿ ಯಾರೋ ಒಬ್ಬ ಮುದುಕಿಯಾಗಿಬಿಡುತ್ತಾಳೆ.