ನಾಲ್ಕು ದಿನದ ಕೂಲಿಗೆ ಒಂದು ಸ್ಪೀಕರ್



ಇವತ್ತು ರಾಜಕೀಯ ಬೇಡ. ಹನೂರು ಕಡೆಯ ವೀಕ್ಷಕರೊಬ್ಬರು ಕೇಳಿದ ಪ್ರಶ್ನೆಗೆ ಉತ್ತರ ಹೇಳಬೇಕಾಗಿದೆ. ಅವರ ಮಾತು ಇಷ್ಟೇ: "ಸಾ, ಮಾದಪ್ಪನ ಬೆಟ್ಟಕ್ಕೆ ನಡ್ಕೊಂಡು ಹೋಗೋರು ನಾವು. ಒಂದ್ ಬ್ಲೂಟೂತ್ ಸ್ಪೀಕರ್ ತಕಬೇಕು. ಸಾವಿರದ ಐನೂರರ ಒಳಗೆ ಯಾವುದು ಒಳ್ಳೇದು ಹೇಳಿ ಸಾ."

ಇದೇನು ದೊಡ್ಡ ವಿಷಯ ಅಂತ ನಗಬೇಡಿ. ಲೆಕ್ಕ ಹಾಕಿ ನೋಡಿ. ಕರ್ನಾಟಕದಲ್ಲಿ 2025-26ಕ್ಕೆ ನಿಗದಿಯಾದ ನರೇಗಾ ಕೂಲಿ ದಿನಕ್ಕೆ 370 ರೂಪಾಯಿ. ಸಾವಿರದ ಐನೂರು ಅಂದರೆ ನಾಲ್ಕು ದಿನದ ದುಡಿಮೆ. ನಾಲ್ಕು ದಿನ ಬಿಸಿಲಲ್ಲಿ ಬೆನ್ನು ಬಗ್ಗಿಸಿದ ದುಡ್ಡು ಮೂರೇ ತಿಂಗಳಿಗೆ ಮೂಲೆ ಸೇರಿದರೆ ಅದು ಸಣ್ಣ ವಿಷಯ ಹೇಗಾಗುತ್ತೆ? ನೀವೇ ಹೇಳಿ.

ನಾನು ಕಂಪನಿ ಹೆಸರು ಹೇಳಲ್ಲ. ಹೆದರಿಕೆಯಿಂದಲ್ಲ. ಇವತ್ತು ನಾನು ಹೇಳಿದ ಮಾಡೆಲ್ ಆರು ತಿಂಗಳಿಗೆ ಅಂಗಡಿಯಲ್ಲೇ ಇರಲ್ಲ. ಆದರೆ ಪರೀಕ್ಷೆ ಮಾಡೋ ವಿದ್ಯೆ ಗೊತ್ತಿದ್ದರೆ ಯಾವ ಡಬ್ಬ ಮುಂದೆ ಇಟ್ಟರೂ ನೀವು ಮೋಸ ಹೋಗಲ್ಲ.

ಮೊದಲು ಡಬ್ಬದ ಮೇಲಿನ ಸುಳ್ಳಿನಿಂದ ಶುರು ಮಾಡೋಣ. ಅಂಗೈಯಗಲದ ಪೆಟ್ಟಿಗೆ, ಅದರ ಮೇಲೆ ದಪ್ಪಕ್ಷರದಲ್ಲಿ "1000 ವ್ಯಾಟ್". ಪಕ್ಕದಲ್ಲಿ ಸಾಸಿವೆ ಕಾಳಿನಷ್ಟು ಅಕ್ಷರದಲ್ಲಿ "ಪಿಎಂಪಿಒ". ಅಲ್ಲರೀ, ಇದಕ್ಕೆ ಚಾರ್ಜರ್ ಯಾವುದು? 5 ವೋಲ್ಟ್, 1 ಆಂಪಿಯರ್. ಅಂದರೆ ಒಳಗೆ ಹೋಗೋದು 5 ವ್ಯಾಟ್. 5 ವ್ಯಾಟ್ ಕುಡಿಯೋ ಪೆಟ್ಟಿಗೆ 1000 ವ್ಯಾಟ್ ಎಲ್ಲಿಂದ ಕಕ್ಕುತ್ತೆ? ಪಿಎಂಪಿಒ ಅನ್ನೋದು ಕಣ್ಣು ಮಿಟುಕಿಸುವಷ್ಟು ಹೊತ್ತಿನ ಕಾಲ್ಪನಿಕ ಲೆಕ್ಕ. ನೀವು ನೋಡಬೇಕಾದ್ದು "ಆರ್‌ಎಂಎಸ್" ಅನ್ನೋ ಅಂಕಿಯನ್ನ. ಅದು ಸ್ಪೀಕರ್ ಎಡೆಬಿಡದೆ ಕೊಡಬಲ್ಲ ಶಕ್ತಿ. ಕೈಯಲ್ಲಿ ಹಿಡಿಯೋ ಸ್ಪೀಕರ್‌ಗೆ 5 ರಿಂದ 10 ವ್ಯಾಟ್ ಆರ್‌ಎಂಎಸ್ ಇದ್ದರೆ ಧಾರಾಳ ಆಯಿತು.

ಇನ್ನೊಂದು ಮಾತು. 5 ವ್ಯಾಟ್‌ನದ್ದು ಬಿಟ್ಟು 10 ವ್ಯಾಟ್‌ನದ್ದು ತಗೊಂಡರೆ ಸದ್ದು ಎರಡರಷ್ಟಾಗುತ್ತೆ ಅಂದುಕೊಳ್ಳಬೇಡಿ. ವ್ಯಾಟ್ ಎರಡರಷ್ಟಾದರೆ ಸದ್ದು ಏರೋದು 3 ಡೆಸಿಬೆಲ್ ಮಾತ್ರ. ಕಿವಿಗೆ ಅದು "ಸ್ವಲ್ಪ ಜಾಸ್ತಿ" ಅನ್ನಿಸುತ್ತೆ, ಅಷ್ಟೇ. ಎರಡು ಪಟ್ಟು ಜೋರು ಅನ್ನಿಸಬೇಕಾದರೆ ಹೆಚ್ಚೂಕಡಿಮೆ ಹತ್ತು ಪಟ್ಟು ಶಕ್ತಿ ಬೇಕು. ಹಾಗಾಗಿ ಬರೀ ವ್ಯಾಟ್ ನೋಡಿ ಐನೂರು ರೂಪಾಯಿ ಹೆಚ್ಚಿಗೆ ಕೊಡೋ ಮುಂಚೆ ಒಂದು ಸಲ ಯೋಚನೆ ಮಾಡಿ.

ಎರಡನೇದು, ಬ್ಯಾಟರಿ. ಡಬ್ಬದ ಮೇಲೆ "8 ಗಂಟೆ" ಅಂತ ಇರುತ್ತೆ. ಸಾಮಾನ್ಯವಾಗಿ ಅದು ಅರ್ಧ ವಾಲ್ಯೂಮ್‌ನ ಲೆಕ್ಕ. ನಿಜ ತಿಳಿಯಬೇಕಾದರೆ ಎಂಎಎಚ್ ನೋಡಿ. 1200 ಎಂಎಎಚ್ ಬ್ಯಾಟರಿ, 3.7 ವೋಲ್ಟ್. ಗುಣಿಸಿದರೆ ಸುಮಾರು 4.4 ವ್ಯಾಟ್-ಅವರ್. 10 ವ್ಯಾಟ್ ಸ್ಪೀಕರ್ ಪೂರ್ತಿ ಶಕ್ತಿಯನ್ನ ಬಿಡದೆ ಎಳೆದರೆ ಇದು ಅರ್ಧ ಗಂಟೆಯೂ ಬಾಳಲ್ಲ. ಹಾಡಿನಲ್ಲಿ ಏರಿಳಿತ ಇರೋದರಿಂದ ಇನ್ನೂ ಹೆಚ್ಚು ಹೊತ್ತು ಬರುತ್ತೆ, ನಿಜ. ಆದರೆ ಎಂಟು ಗಂಟೆಯ ಆಸೆ ಬಿಡಿ. ಕೊಳ್ಳೇಗಾಲದಿಂದ ಹನೂರು, ಕೌದಳ್ಳಿ, ತಾಳಬೆಟ್ಟ ದಾಟಿ ಬೆಟ್ಟ ಮುಟ್ಟೋಕೆ ಸುಮಾರು 80 ಕಿಲೋಮೀಟರ್. ನಡೆದು ಹೋಗೋರಿಗೆ ಒಂದೇ ದಿನದ ದಾರಿ ಅಲ್ಲ ಅದು. 2000 ಎಂಎಎಚ್‌ಗಿಂತ ಮೇಲಿನದನ್ನೇ ಕೇಳಿ ತಗೊಳ್ಳಿ. ಚಾರ್ಜಿಂಗ್ ತೂತು ಟೈಪ್-ಸಿ ಇರಲಿ. ಈಗಿನ ಬಹುತೇಕ ಹೊಸ ಮೊಬೈಲ್‌ಗಳ ವೈರ್ ಇದಕ್ಕೂ ಆಗುತ್ತೆ, ಎರಡೆರಡು ವೈರ್ ಹೊರೋದು ತಪ್ಪುತ್ತೆ.

ಮೂರನೇದು, ಮೆಮೊರಿ ಕಾರ್ಡ್ ಹಾಕೋ ಜಾಗ. ಪಟ್ಟಣದವರು ಇದನ್ನ ಹಳೇ ಕಾಲದ್ದು ಅಂತಾರೆ. ಕಾಡಿನ ದಾರಿಯಲ್ಲಿ ನಡೆಯೋರಿಗೆ ಇದೇ ಮುಖ್ಯ. ನೆಟ್‌ವರ್ಕ್ ಸಿಗದ ಕಡೆ ಮೊಬೈಲ್ ಸಿಗ್ನಲ್ ಹುಡುಕಿ ಹುಡುಕಿಯೇ ಬ್ಯಾಟರಿ ಖಾಲಿ ಮಾಡಿಕೊಳ್ಳುತ್ತೆ. ಅದರ ಮೇಲೆ ಹಾಡನ್ನೂ ಅದರಿಂದಲೇ ಹಾಕಿದರೆ ಮುಗಿದೇ ಹೋಯ್ತು. ಕಾಲು ಉಳುಕಿದಾಗ, ಜೊತೆಯವರು ತಪ್ಪಿಸಿಕೊಂಡಾಗ ಫೋನ್ ಮಾಡೋಕೆ ಚಾರ್ಜ್ ಇರಬೇಕಲ್ವಾ? ಹಾಡು ಕಾರ್ಡಿನಿಂದ ಬರಲಿ, ಮೊಬೈಲ್ ಜೇಬಿನಲ್ಲಿ ಸುಮ್ಮನಿರಲಿ. ಎಫ್‌ಎಂ ಇದ್ದರಂತೂ ಇನ್ನೂ ಒಳ್ಳೇದು, ಡೇಟಾ ಖರ್ಚಿಲ್ಲ. ಪ್ರೊಫೆಸರ್ ಎಂ.ವಿ. ಗೋಪಾಲಸ್ವಾಮಿ ಅವರು 1935ರಲ್ಲಿ ತಮ್ಮ ಮನೆಯಿಂದ ಬಾನುಲಿ ಶುರು ಮಾಡಿದ್ದು ನಿಮ್ಮ ಪಕ್ಕದ ಮೈಸೂರಿನಲ್ಲೇ. ಆ ಮೈಸೂರು ಆಕಾಶವಾಣಿ ಇವತ್ತು 100.6ರಲ್ಲಿ ಬರುತ್ತೆ.

ನಾಲ್ಕನೇದು, ಮಳೆ ಮತ್ತು ಧೂಳು. ದೀಪಾವಳಿ ಜಾತ್ರೆ ಹೊತ್ತಿಗೆ ನಿಮ್ಮ ಕಡೆ ಹಿಂಗಾರು ಮಳೆ ಇದ್ದೇ ಇರುತ್ತೆ. "ವಾಟರ್‌ಪ್ರೂಫ್" ಅನ್ನೋ ಮಾತನ್ನ ನಂಬಬೇಡಿ, ಅಂಕಿ ಕೇಳಿ. ಐಪಿಎಕ್ಸ್4 ಅಂದರೆ ಹನಿ ಸಿಡಿದರೆ ತಡೆಯುತ್ತೆ. ಐಪಿಎಕ್ಸ್5 ಅಂದರೆ ಪಿಚಕಾರಿಯಂತೆ ನೀರು ಬಿದ್ದರೂ ತಡೆಯುತ್ತೆ. ಐಪಿಎಕ್ಸ್7 ಅಂದರೆ ಒಂದು ಮೀಟರ್ ನೀರಿನಲ್ಲಿ ಅರ್ಧ ಗಂಟೆ ಮುಳುಗಿದರೂ ಪರವಾಗಿಲ್ಲ. ಮಧ್ಯದ ಆ "ಎಕ್ಸ್" ಏನು ಗೊತ್ತಾ? ಧೂಳಿನ ವಿಷಯದಲ್ಲಿ ಅಂಕಿ ಕೊಟ್ಟಿಲ್ಲ ಅಂತ. ನಿಮ್ಮ ಬಜೆಟ್‌ಗೆ ಐಪಿಎಕ್ಸ್5 ಸಾಕು. ಚಾರ್ಜಿಂಗ್ ತೂತಿನ ರಬ್ಬರ್ ಮುಚ್ಚಳ ಗಟ್ಟಿಯಾಗಿ ಕೂರುತ್ತಾ ಅಂತ ಮಾತ್ರ ಕೈಯಾರೆ ಒತ್ತಿ ನೋಡಿ.

ಈಗ ಐದನೇದು. ನನ್ನ ಪ್ರಕಾರ ಎಲ್ಲಕ್ಕಿಂತ ದೊಡ್ಡದು. ಅಂಗಡಿಗೆ ಹೋದ ತಕ್ಷಣ ಅವರು ಯಾವುದೋ ಸಿನಿಮಾ ಹಾಡು ಹಾಕಿ "ಬಾಸ್ ನೋಡಿ ಸಾರ್, ಬಾಸ್" ಅಂತಾರೆ. ಧಡ್ ಧಡ್ ಅಂತ ಟೇಬಲ್ ನಡುಗುತ್ತೆ. ನಾವೂ ಮರುಳಾಗ್ತೀವಿ. ಆದರೆ ನೀವು ಕೇಳೋದು ಏನನ್ನ? ದೇವರಗುಡ್ಡರು ಕಂಸಾಳೆ ಹಿಡಿದು ಹೇಳೋ ಮಾದಪ್ಪನ ಕಥೆಯನ್ನ. ನೀಲಗಾರರು ತಂಬೂರಿ ಮೀಟಿ ಹಾಡೋ ಮಂಟೇಸ್ವಾಮಿ, ಸಿದ್ದಪ್ಪಾಜಿ ಕಥೆಯನ್ನ. ರಾತ್ರಿಯಿಡೀ ಹರಿಯೋ ಕಥೆ ಅದು. ಡಾ. ಪಿ.ಕೆ. ರಾಜಶೇಖರ ಅವರು 1973ರಲ್ಲಿ ಮಲೆಯ ಮಾದೇಶ್ವರನ ಕಾವ್ಯವನ್ನ ಪುಸ್ತಕ ಮಾಡಿ ಹೊರತಂದರು ಅಂದರೆ ಅದರ ಜೀವ ಎಲ್ಲಿದೆ? ಮಾತಿನಲ್ಲಿದೆ. ಬಾಸ್ ಉಬ್ಬಿಸಿದ ಅಗ್ಗದ ಸ್ಪೀಕರ್‌ನಲ್ಲಿ ಮೊದಲು ಸಾಯೋದೇ ಈ ಮಾತು. ಮನುಷ್ಯನ ದನಿ ಗುಹೆಯೊಳಗಿಂದ ಬಂದ ಹಾಗೆ ಕೇಳುತ್ತೆ.

ಅದಕ್ಕೇ ಹೇಳ್ತೀನಿ, ನಿಮ್ಮ ಮೊಬೈಲ್, ನಿಮ್ಮ ಹಾಡು ತಗೊಂಡು ಅಂಗಡಿಗೆ ಹೋಗಿ. ಕಂಸಾಳೆ ಪದ ಹಾಕಿಸಿ. ಕಂಚಿನ ಬಟ್ಟಲು ಝಣ್ ಅಂತ ಸ್ಪಷ್ಟವಾಗಿ ಕೇಳುತ್ತಾ? ಕಥೆ ಹೇಳೋರ ಒಂದೊಂದು ಮಾತೂ ಬಿಡಿಬಿಡಿಯಾಗಿ ತಿಳಿಯುತ್ತಾ? ಆಮೇಲೆ ವಾಲ್ಯೂಮ್ ಪೂರ್ತಿ ಏರಿಸಿ. ದನಿ ಒಡೆಯುತ್ತಾ? ಪೆಟ್ಟಿಗೆ ಮೇಲೆ ಕೈಯಿಡಿ, ಒಳಗೆ ಏನಾದರೂ ಗರಗರ ಅನ್ನುತ್ತಾ? ಮೊಬೈಲ್ ಹಿಡಿದು ಹತ್ತು ಹೆಜ್ಜೆ ಆಚೆ ಹೋಗಿ, ಹಾಡು ಕಡಿಯುತ್ತಾ? ಐದು ನಿಮಿಷದ ಕೆಲಸ ಇದು. ಅಂಗಡಿಯವರು ಬೇಜಾರು ಮಾಡಿಕೊಂಡರೆ ಕೊಳ್ಳೇಗಾಲದಲ್ಲಿ ಇನ್ನೊಂದು ಅಂಗಡಿ ಇದೆ.

ಇನ್ನು ಕಾಗದದ ವಿಷಯ. ಬ್ಲೂಟೂತ್ ಸ್ಪೀಕರ್‌ಗೆ ಬಿಐಎಸ್ ನೋಂದಣಿ ಕಡ್ಡಾಯ. ಪೆಟ್ಟಿಗೆ ಮೇಲೆ "ಆರ್" ಅಕ್ಷರ, ಅದರ ಮುಂದೆ 8 ಅಂಕಿ ಇರಬೇಕು. ಬಿಐಎಸ್ ಕೇರ್ ಅನ್ನೋ ಆ್ಯಪ್‌ನಲ್ಲಿ ಆ ನಂಬರ್ ಹಾಕಿದರೆ ಅಸಲಿಯೋ ನಕಲಿಯೋ ತಿಳಿಯುತ್ತೆ. ಇದು ಬರೀ ಶಾಸ್ತ್ರಕ್ಕಲ್ಲ. ಒಳಗಿರೋದು ಲಿಥಿಯಂ ಬ್ಯಾಟರಿ. ಕಳಪೆ ಬ್ಯಾಟರಿ ಉಬ್ಬುತ್ತೆ, ಕೆಲವೊಮ್ಮೆ ಉರಿಯುತ್ತೆ. ರಾತ್ರಿ ದಿಂಬಿನ ಪಕ್ಕ ಚಾರ್ಜಿಗೆ ಹಾಕಿ ಮಲಗೋ ಮಕ್ಕಳಿರೋ ಮನೆಯಲ್ಲಿ ಇದು ತಮಾಷೆ ವಿಷಯ ಅಲ್ಲ.

ಬಿಲ್ ಕೇಳಿ. "ಬಿಲ್ ಬೇಡ ಅಂದರೆ ನೂರು ಕಮ್ಮಿ" ಅಂದರೆ ಆ ನೂರು ನಿಮಗೆ ಬೇಡ. ಬಿಲ್ ಇಲ್ಲದಿದ್ದರೆ ವಾರಂಟಿ ಕೇಳೋಕೆ ನಿಮ್ಮ ಕೈಯಲ್ಲಿ ಏನಿರುತ್ತೆ? ಸರ್ವಿಸ್ ಸೆಂಟರ್ ಎಲ್ಲಿದೆ ಅಂತ ಮೊದಲೇ ಕೇಳಿ. ಮೈಸೂರಿಗೆ ಹೋಗಬೇಕು ಅಂದರೆ ಬಸ್ ಚಾರ್ಜ್ ಜೊತೆ ಒಂದು ದಿನದ ಕೂಲಿಯೂ ಹೋಯ್ತು. ಆನ್‌ಲೈನ್‌ನಲ್ಲಿ ಇನ್ನೂರು ಕಮ್ಮಿ ಸಿಗಬಹುದು. ಆದರೆ ಕೆಟ್ಟಾಗ ಕೈಯಲ್ಲಿ ಹಿಡಿದು ಹೋಗಿ ಕೇಳೋಕೆ ಒಂದು ಬಾಗಿಲು ಬೇಕಲ್ವಾ? ಆ ಬಾಗಿಲೂ ಮುಚ್ಚಿದರೆ 1915ಕ್ಕೆ ಫೋನ್ ಮಾಡಿ, ಅದು ರಾಷ್ಟ್ರೀಯ ಗ್ರಾಹಕ ಸಹಾಯವಾಣಿ. ಜಿಲ್ಲಾ ಗ್ರಾಹಕ ಆಯೋಗಕ್ಕೂ ಹೋಗಬಹುದು. 5 ಲಕ್ಷದೊಳಗಿನ ಖರೀದಿಗೆ ಅಲ್ಲಿ ಅರ್ಜಿ ಶುಲ್ಕವೇ ಇಲ್ಲ. ಸಾವಿರದ ಐನೂರಕ್ಕೆ ಯಾರು ಅಲೀತಾರೆ ಅಂತ ನಾವು ಸುಮ್ಮನಾಗೋದೇ ಕಳಪೆ ಮಾಲಿನವರ ಬಂಡವಾಳ.

ಕೊನೆಗೆ ಒಂದು ಮಾತು, ಕೋಪ ಮಾಡಿಕೊಳ್ಳಬೇಡಿ. ತಾಳಬೆಟ್ಟದಿಂದ ಮೇಲಿನ ದಾರಿ ಯಾರದ್ದು? ಅದು ಮಲೆ ಮಹದೇಶ್ವರ ವನ್ಯಜೀವಿಧಾಮ, 2013ರಲ್ಲಿ ಘೋಷಣೆಯಾದದ್ದು. ಅತ್ತ ಯಳಂದೂರು ಕಡೆಯಿಂದ ಬಿಳಿಗಿರಿರಂಗನ ಬೆಟ್ಟಕ್ಕೆ ಹೊರಟರೆ ಅದು ಹುಲಿ ಸಂರಕ್ಷಿತ ಪ್ರದೇಶ. ಆನೆ ಪಕ್ಕದ ಪೊದೆಯಲ್ಲಿ ಕೊಂಬೆ ಮುರಿದರೆ ನಿಮಗೆ ಮೊದಲು ತಿಳಿಸೋದು ಕಣ್ಣಲ್ಲ, ಕಿವಿ. ಆ ಕಿವಿಯನ್ನೇ ಸ್ಪೀಕರ್‌ನಿಂದ ಮುಚ್ಚಿಕೊಂಡು ನಡೆದರೆ? ಹತ್ತು ಗುಂಪು, ಹತ್ತು ಸ್ಪೀಕರ್, ಹತ್ತು ಹಾಡು ಅಂದರೆ ಅಲ್ಲಿ ಯಾವ ಪದವೂ ಕೇಳಲ್ಲ, ಗದ್ದಲ ಅಷ್ಟೇ. ಮಾದಪ್ಪ ಹುಲಿಯನ್ನೇ ವಾಹನ ಮಾಡಿಕೊಂಡ ದೇವರು ಕಣ್ರೀ. ಆ ಹುಲಿಯ ಕಾಡಿನಲ್ಲಿ ನಾವು ಸದ್ದು ಮಾಡಿ ಸಾಧಿಸೋದೇನು?

ಹಾಗಾಗಿ ಹನೂರಿನ ಆ ಅಣ್ಣನಿಗೆ ನನ್ನ ಉತ್ತರ ಇಷ್ಟು. 5 ರಿಂದ 10 ವ್ಯಾಟ್ ಆರ್‌ಎಂಎಸ್, 2000 ಎಂಎಎಚ್ ಮೇಲೆ, ಟೈಪ್-ಸಿ, ಮೆಮೊರಿ ಕಾರ್ಡ್, ಐಪಿಎಕ್ಸ್5, ಬಿಐಎಸ್ ನಂಬರ್, ಕೈಯಲ್ಲಿ ಬಿಲ್. ಎಲ್ಲವೂ ಒಂದರಲ್ಲೇ ಸಿಗದಿದ್ದರೆ ವ್ಯಾಟ್ ಬಿಡಿ, ಐಪಿಎಕ್ಸ್ ಬಿಟ್ಟು ಒಂದು ಪ್ಲಾಸ್ಟಿಕ್ ಕವರ್ ಇಟ್ಟುಕೊಳ್ಳಿ. ಬ್ಯಾಟರಿ, ಬಿಐಎಸ್, ಬಿಲ್ ಈ ಮೂರನ್ನ ಮಾತ್ರ ಬಿಡಬೇಡಿ. ನಿಮ್ಮ ಜೊತೆ ನಡೆಯೋ ನಾಲ್ಕು ಜನಕ್ಕೆ ಕಥೆ ಸ್ಪಷ್ಟವಾಗಿ ಕೇಳಿದರೆ ಸಾಕು, ಬೆಟ್ಟಕ್ಕೆಲ್ಲ ಕೇಳಿಸೋದು ಬೇಡ. ಕಾಡು ಶುರುವಾದ ಮೇಲೆ ಅದನ್ನೂ ಆರಿಸಿ ಚೀಲದೊಳಗೆ ಇಡಿ. ಅಲ್ಲಿಂದ ಮುಂದಕ್ಕೆ ನಿಮ್ಮ ಬಾಯಲ್ಲೇ ಪದ ಬರಲಿ, ಅದಕ್ಕೆ ಚಾರ್ಜ್ ಬೇಕಾಗಿಲ್ಲ.