ಮಾಲ್ಗುಡಿಯನ್ನು ಕಾಣಿಸಿದ ಶಂಕರ್ ನಾಗ್

ಆರ್. ಕೆ. ನಾರಾಯಣರ ಮಾಲ್ಗುಡಿ ಭೂಪಟದಲ್ಲಿಲ್ಲದ ಊರು. ಆಗುಂಬೆಯ ಮನೆ, ಬೀದಿಗಳಲ್ಲಿ ಅದನ್ನು ಕಣ್ಣಿಗೆ ಕಾಣಿಸಿದವರು ಶಂಕರ್ ನಾಗ್. 1954ರಲ್ಲಿ ಜನಿಸಿದ ಇವರು ಮುಂಬಯಿಯ ಮರಾಠಿ ರಂಗಭೂಮಿಯಲ್ಲಿ ಪಳಗಿದರು. 1978ರ ‘ಒಂದಾನೊಂದು ಕಾಲದಲ್ಲಿ’ ಚಿತ್ರದಿಂದ ನಟರೆಂದು ಹೆಸರಾದರು. 1980ರ ‘ಮಿಂಚಿನ ಓಟ’ದಿಂದ ನಿರ್ದೇಶಕರಾದರು.

1986ರಲ್ಲಿ ದೂರದರ್ಶನದಲ್ಲಿ ‘ಮಾಲ್ಗುಡಿ ಡೇಸ್’ ಮೊದಲಾಯಿತು. ಮಾತು ಹಿಂದಿಯದಾದರೂ ನೆಲ ನಮ್ಮ ಮಲೆನಾಡಿನದು. ಅಂದು ನಾನೂ ಅದರ ಸ್ವಾಮಿಯಂತೆ ಬೆತ್ತಕ್ಕೆ ಅಂಜುವ ಹುಡುಗ. ಇಂದು ಉಪಾಧ್ಯಾಯ. ಅದೇ ದೃಶ್ಯವನ್ನು ಮತ್ತೆ ನೋಡಿದಾಗ, ನನ್ನೆದುರು ಕೈಕಟ್ಟಿ ನಿಲ್ಲುವ ಮಕ್ಕಳ ಮುಖಗಳು ನೆನಪಾಗಿ ನಾಚಿಕೆಯಾಯಿತು.

1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಬಳಿ ರಸ್ತೆ ಅಪಘಾತದಲ್ಲಿ ಶಂಕರ್ ನಾಗ್ ತೀರಿಕೊಂಡರು. ವಯಸ್ಸು 36 ತುಂಬಿರಲಿಲ್ಲ. ಆಯುಷ್ಯ ಕಿರಿದಾಯಿತು, ಅವರು ಕಲಿಸಿದ ಪಾಠ ಇನ್ನೂ ಮುಗಿದಿಲ್ಲ.