ಆಧಾರ್ ನೋಂದಣಿಗೆ ಮುನ್ನ ಜನನ ಪ್ರಮಾಣಪತ್ರ
(ಗ್ರಾಮಸಭೆಯಲ್ಲಿ ಪಂಚಾಯಿತಿ ಅಭಿವೃದ್ಧಿ ಅಧಿಕಾರಿಗಳು ಮಾಡಿದ ಭಾಷಣ)



ಮಗುವಿನ ಆಧಾರ್ ಸಂಖ್ಯೆಗೆ ಅರ್ಜಿ ಸಲ್ಲಿಸುವ ಮುನ್ನ ಜನನ ಪ್ರಮಾಣಪತ್ರವನ್ನು ಅಕ್ಷರ ಬಿಡದೆ ಓದಿರಿ. 2023ರ ಅಕ್ಟೋಬರ್ 1ರಿಂದೀಚೆಗೆ ಜನಿಸಿದವರ ಜನ್ಮದಿನಾಂಕಕ್ಕೆ ಅದೊಂದೇ ಪುರಾವೆ. ಎಷ್ಟೋ ಪತ್ರಗಳಲ್ಲಿ ಮಗುವಿನ ಹೆಸರಿನ ಜಾಗ ಖಾಲಿಯಿರುತ್ತದೆ. ಕೇಳಿದರೆ, ಆಗಿನ್ನೂ ನಾಮಕರಣವಾಗಿರಲಿಲ್ಲ ಎನ್ನುತ್ತಾರೆ. ಹೆಸರನ್ನು ಮೊದಲು ಅಲ್ಲಿ ಸೇರಿಸಿಕೊಳ್ಳಿರಿ. ತಂದೆಯ ಇನಿಷಿಯಲ್ ಹೆಸರಿನ ಹಿಂದೋ ಮುಂದೋ ಎಂಬುದೂ ಆಗಲೇ ತೀರ್ಮಾನವಾಗಲಿ. ಆಧಾರ್‌ನಲ್ಲಿ ಹೆಸರನ್ನು ಎರಡು ಬಾರಿ, ಜನ್ಮದಿನಾಂಕವನ್ನು ಒಂದೇ ಬಾರಿ ತಿದ್ದಲು ಅವಕಾಶ. ಶಾಲೆಯಲ್ಲೊಂದು, ಆಧಾರ್‌ನಲ್ಲೊಂದು ಹೆಸರಾದರೆ ಮುಂದೆ ವಿದ್ಯಾರ್ಥಿವೇತನಕ್ಕಾಗಿ ಅಲೆಯಬೇಕಾದವರು ನೀವೇ.

ಐದು ವರ್ಷದೊಳಗೆ ಬೆರಳಚ್ಚು ಬೇಡ. ತಂದೆ ಅಥವಾ ತಾಯಿ ತಮ್ಮ ಆಧಾರ್‌ನೊಂದಿಗೆ ಹಾಜರಿದ್ದು ದೃಢೀಕರಿಸಬೇಕು. ಬೆರಳಚ್ಚು 5 ಹಾಗೂ 15ನೇ ವಯಸ್ಸಿಗೆ. ಸ್ವೀಕೃತಿ ಚೀಟಿಯನ್ನು ಜೋಪಾನವಾಗಿಡಿರಿ. ಹೊಸ ನೋಂದಣಿ ಉಚಿತ. ಯಾರಾದರೂ ಹಣ ಕೇಳಿದರೆ 1947ಕ್ಕೆ ಕರೆ ಮಾಡಿರಿ.